ಹೋದ ಪ್ಯಾಕೆಟ್ ಮರಳಿ ಬರಬೇಕಾದರೆ

ಜಾಲದಲ್ಲಿ ಯಂತ್ರವನ್ನು ಗುರುತಿಸುವ ಐಪಿ ವಿಳಾಸ, ಆ ವಿಳಾಸಗಳ ತುಂಡಾದ ಸಬ್‌ನೆಟ್, ಮಾಹಿತಿಯ ತುಣುಕುಗಳಾದ ಪ್ಯಾಕೆಟ್‌ಗಳಿಗೆ ದಾರಿ ತೋರಿಸುವ ರೂಟಿಂಗ್, ಈ ಮೂರನ್ನೂ ನಾನು ಹಲವು ಸಲ ಓದಿ ಅಷ್ಟೇ ಸಲ ಮರೆತಿದ್ದೆ. ಓದುವಾಗ ತಿಳಿದಂತೆಯೇ ಇರುತ್ತಿತ್ತು, 255.255.255.224 ಎಂಬ ಸಂಖ್ಯೆ ನಿಜವಾಗಿ ಎದುರಾದಾಗ ಕೈ ಓಡುತ್ತಿರಲಿಲ್ಲ. ಈ ಸಲ ಕೈಯಿಂದಲೇ ಕಲಿಯೋಣವೆಂದು, ಬಳಕೆ ತಪ್ಪಿದ ಐದು ಹಳೆಯ ಕಂಪ್ಯೂಟರುಗಳನ್ನು ಒಂದೇ ಮೇಜಿನ ಮೇಲೆ ಸಾಲಾಗಿಟ್ಟು, ಅಂತರ್ಜಾಲದ ಸಂಪರ್ಕವೇ ಇಲ್ಲದ ಪುಟ್ಟ ಜಾಲವೊಂದನ್ನು ಕಟ್ಟಿದೆ. ಕಟ್ಟುವಾಗ ಏನೇನು ಕೆಟ್ಟಿತು, ಹೇಗೆ ಸರಿಹೋಯಿತು ಎಂದು ಅಂದಂದೇ ಬರೆದಿಟ್ಟ ಟಿಪ್ಪಣಿಗಳನ್ನು ಇಲ್ಲಿ ಬಿಡಿಸಿ ಹೇಳುತ್ತೇನೆ.

ಐದರಲ್ಲೂ ಡೆಬಿಯನ್ ಲಿನಕ್ಸ್ ಹಾಕಿದೆ. ಎರಡಕ್ಕೆ ತಲಾ ಎರಡು ನೆಟ್‌ವರ್ಕ್ ಕಾರ್ಡ್‌ಗಳಿದ್ದವು; ಅವು ಒಂದು ಜಾಲದಿಂದ ಇನ್ನೊಂದಕ್ಕೆ ಪ್ಯಾಕೆಟ್ ದಾಟಿಸುವ ರೂಟರ್‌ಗಳಾದವು. ಒಂದಕ್ಕೆ ಪಡುವಣ, ಇನ್ನೊಂದಕ್ಕೆ ಮೂಡಣ ಎಂದು ಹೆಸರಿಟ್ಟೆ. ಪಡುವಣದ ಕಡೆಯ ಸ್ವಿಚ್‌ಗೆ, ಅಂದರೆ ಒಂದೇ ಜಾಲದ ಯಂತ್ರಗಳನ್ನು ಜೋಡಿಸುವ ಪೆಟ್ಟಿಗೆಗೆ, ಗುಬ್ಬಿ, ಕಾಗೆ ಎಂಬ ಎರಡು ಯಂತ್ರಗಳು; ಮೂಡಣದ ಕಡೆಯ ಸ್ವಿಚ್‌ಗೆ ಗಿಳಿ. ಎರಡು ರೂಟರ್‌ಗಳ ನಡುವೆ ನೇರವಾಗಿ ಒಂದು ಕೇಬಲ್. ಹೆಸರುಗಳು ಯಂತ್ರಗಳಿಗೆ ಬೇಕಿರಲಿಲ್ಲ, ನನಗೆ ಬೇಕಿತ್ತು. ಎರಡು ಗಂಟೆ ಕಳೆದ ಮೇಲೆ ಯಾವ ಪರದೆಯ ಮುಂದೆ ಕುಳಿತಿದ್ದೇನೆ ಎಂಬುದೇ ಮರೆತುಹೋಗುತ್ತದೆ.

ತಂತಿಯ ತೊಂದರೆ

ಮೊದಲ ತೊಂದರೆಗೆ ಐಪಿಯ ಸಂಬಂಧವೇ ಇರಲಿಲ್ಲ. ಪಡುವಣ ಮತ್ತು ಮೂಡಣದ ನಡುವೆ ಕೇಬಲ್ ಚುಚ್ಚಿದರೂ ಕಾರ್ಡ್‌ನ ಹಸಿರು ದೀಪ ಹತ್ತಲಿಲ್ಲ. ಅದೇ ಕೇಬಲ್ ಸ್ವಿಚ್‌ಗೆ ಹಾಕಿದರೆ ಹತ್ತುತ್ತಿತ್ತು. ಎರಡೂ 100 ಮೆಗಾಬಿಟ್‌ನ ಹಳೆಯ ಕಾರ್ಡ್‌ಗಳು. ಅವು ಒಂದು ಜೋಡಿ ತಂತಿಯಲ್ಲಿ ಕಳಿಸುತ್ತವೆ, ಇನ್ನೊಂದು ಜೋಡಿಯಲ್ಲಿ ಕೇಳಿಸಿಕೊಳ್ಳುತ್ತವೆ. ನೇರ ಕೇಬಲ್‌ನಲ್ಲಿ ಇಬ್ಬರೂ ಒಂದೇ ಜೋಡಿಯಲ್ಲಿ ಮಾತನಾಡಿದರೆ ಕೇಳುವವರು ಯಾರು? ಈಚಿನ ಕಾರ್ಡ್‌ಗಳು ತಾವೇ ಜೋಡಿ ಬದಲಿಸಿಕೊಳ್ಳುತ್ತವೆ, ಇವು ಬದಲಿಸಿಕೊಳ್ಳುವುದಿಲ್ಲ. ಕೇಬಲ್‌ನ ಒಂದು ತುದಿಯನ್ನು ಕತ್ತರಿಸಿ, 1 ಮತ್ತು 3, 2 ಮತ್ತು 6ನೆಯ ತಂತಿಗಳು ಅದಲುಬದಲಾಗುವಂತೆ ಹೊಸ ಪ್ಲಗ್ ಒತ್ತಿದೆ. ಅಂದರೆ ಒಂದು ತುದಿಯಲ್ಲಿ ಬಿಳಿ ಕಿತ್ತಳೆ, ಕಿತ್ತಳೆ ಮೊದಲು. ಇನ್ನೊಂದರಲ್ಲಿ ಬಿಳಿ ಹಸಿರು, ಹಸಿರು ಮೊದಲು. ದೀಪ ಹತ್ತಿತು. ಅಲ್ಲಿಂದ ಮುಂದೆ ಏನೇ ಕೆಟ್ಟರೂ ಮೊದಲು ದೀಪ ನೋಡುವುದು ಅಭ್ಯಾಸವಾಯಿತು.

ವಿಳಾಸಗಳನ್ನು ಹಂಚಿದ್ದು

ಐಪಿ ನಾಲ್ಕನೆಯ ಆವೃತ್ತಿಯ ವಿಳಾಸವೆಂದರೆ 32 ಬಿಟ್‌ಗಳ ಒಂದೇ ಒಂದು ಸಂಖ್ಯೆ. ನಾವು ಅದನ್ನು ಎಂಟೆಂಟು ಬಿಟ್‌ಗಳ ನಾಲ್ಕು ತುಂಡು ಮಾಡಿ ಚುಕ್ಕಿ ಇಟ್ಟು ಬರೆಯುವುದು ನಮ್ಮ ಕಣ್ಣಿನ ಅನುಕೂಲಕ್ಕೆ. ಖಾಸಗಿ ಜಾಲಗಳಿಗೆಂದು 1996ರ ಆರ್‌ಎಫ್‌ಸಿ 1918 ಎಂಬ ಅಂತರ್ಜಾಲದ ನಿಯಮಪತ್ರ ಮೂರು ಪ್ರದೇಶಗಳನ್ನು ಬಿಟ್ಟುಕೊಟ್ಟಿದೆ: 10ರಿಂದ ಶುರುವಾಗುವುದೆಲ್ಲ, 172.16ರಿಂದ 172.31ರವರೆಗೆ, ಮತ್ತು 192.168ರಿಂದ ಶುರುವಾಗುವುದು. ಮೂರನೆಯದರಿಂದ 192.168.40.0/24 ಎಂಬ 256 ವಿಳಾಸಗಳ ತುಂಡನ್ನು ಎತ್ತಿಕೊಂಡೆ. ಓರೆಗೆರೆಯ ನಂತರದ 24 ಎಂದರೆ, ಎಡದಿಂದ 24 ಬಿಟ್‌ಗಳು ಜಾಲದವು, ಉಳಿದ 8 ಬಿಟ್‌ಗಳು ಜಾಲದೊಳಗಿನ ಯಂತ್ರಗಳವು ಎಂದರ್ಥ. ಈ ಗಡಿಯನ್ನು ಹೇಳುವುದೇ ಮಾಸ್ಕ್.

ಪಡುವಣದ ಕಡೆ 50 ಯಂತ್ರಗಳು, ಮೂಡಣದ ಕಡೆ 25 ಯಂತ್ರಗಳು ಬರಬಹುದು ಎಂದು ಊಹಿಸಿಕೊಂಡು ಲೆಕ್ಕ ಹಾಕಿದೆ. ತುಂಡಿನ ಗಾತ್ರ ಎರಡರ ಘಾತವೇ ಆಗಿರಬೇಕು: 4, 8, 16, 32, 64. ಪ್ರತಿ ತುಂಡಿನ ಮೊದಲ ವಿಳಾಸ ಆ ಜಾಲದ ಹೆಸರಾಗುತ್ತದೆ, ಕೊನೆಯದು ಎಲ್ಲರಿಗೂ ಒಟ್ಟಿಗೆ ಕೂಗುವ ಬ್ರಾಡ್‌ಕಾಸ್ಟ್ ವಿಳಾಸ. ಈ ಎರಡು ವಿಳಾಸಗಳೂ ಯಂತ್ರಗಳಿಗೆ ಸಿಗುವುದಿಲ್ಲ. ಆದ್ದರಿಂದ 50ಕ್ಕೆ 64ರ ತುಂಡು, 25ಕ್ಕೆ 32ರ ತುಂಡು, ರೂಟರ್‌ಗಳ ನಡುವಿನ ಕೊಂಡಿಗೆ 4ರ ತುಂಡು.

ಚಿಕ್ಕದರಿಂದ ಶುರುಮಾಡಿ ದೊಡ್ಡದಕ್ಕೆ ಹೋದದ್ದು ತಪ್ಪಾಯಿತು. ಕೊಂಡಿಗೆ 0ರಿಂದ 3, ಅದನ್ನು ದಾಟಿ ಮೂಡಣಕ್ಕೆ 4ರಿಂದ 35, ನಂತರ ಪಡುವಣಕ್ಕೆ 36ರಿಂದ 99 ಎಂದು ಕಾಗದದ ಮೇಲೆ ಒತ್ತೊತ್ತಾಗಿ ಬರೆದೆ. ಒಂದು ವಿಳಾಸವೂ ಪೋಲಾಗಿಲ್ಲವೆಂದು ಸಂತೋಷವೂ ಆಯಿತು. ಯಂತ್ರಕ್ಕೆ 192.168.40.37/26 ಎಂದು ಕೊಟ್ಟಾಗ ಅದು ಮರುಮಾತಿಲ್ಲದೆ ಒಪ್ಪಿಕೊಂಡಿತು. ಆದರೆ 192.168.40.36/26ಕ್ಕೆ ದಾರಿ ಬರೆಯಹೋದಾಗ, ಈ ಉದ್ದಕ್ಕೆ ಈ ಜಾಲ ಸಲ್ಲದು ಎಂದು ತಿರಸ್ಕರಿಸಿತು. ಕಾರಣ ಸರಳ. 64ರ ತುಂಡು 64ರ ಗುಣಕದಿಂದಲೇ ಶುರುವಾಗಬೇಕು: 0, 64, 128, 192. ಬೇಲಿಯನ್ನು ಬಿಟ್‌ಗಳ ನಡುವೆ ಹಾಕುತ್ತೇವೆಯೇ ಹೊರತು ನಮಗೆ ಬೇಕಾದ ದಶಮಾನ ಸಂಖ್ಯೆಯ ಮೇಲೆ ಹಾಕಲಾಗುವುದಿಲ್ಲ. ಯಂತ್ರ 37ನ್ನು ಒಪ್ಪಿಕೊಂಡದ್ದು ನಿಜ, ಆದರೆ ನನ್ನ ಜಾಲ 0ರಿಂದ 63 ಎಂದು ಅದು ತನ್ನಷ್ಟಕ್ಕೆ ತಿಳಿದುಕೊಂಡಿತ್ತು. ನನ್ನ ಕಾಗದದ ಲೆಕ್ಕಕ್ಕೂ ಯಂತ್ರದ ಲೆಕ್ಕಕ್ಕೂ ತಾಳೆಯೇ ಇರಲಿಲ್ಲ.

ಕಾಗದ ಹರಿದು, ದೊಡ್ಡದರಿಂದ ಚಿಕ್ಕದಕ್ಕೆ ಮತ್ತೆ ಹಂಚಿದೆ. ಪಡುವಣಕ್ಕೆ 192.168.40.0/26, ಅಂದರೆ 0ರಿಂದ 63. ಮೂಡಣಕ್ಕೆ 192.168.40.64/27, ಅಂದರೆ 64ರಿಂದ 95. ಕೊಂಡಿಗೆ 192.168.40.96/30, ಅಂದರೆ 96ರಿಂದ 99. ದೊಡ್ಡದನ್ನು ಮೊದಲು ಇಟ್ಟರೆ ಚಿಕ್ಕವು ಉಳಿದ ಜಾಗದಲ್ಲಿ ತಾವಾಗಿ ಸರಿಯಾದ ಗಡಿಯ ಮೇಲೆ ಕೂರುತ್ತವೆ. ಪಡುವಣ ತನ್ನ ಸ್ವಿಚ್‌ನ ಕಡೆ 1, ಕೊಂಡಿಯ ಕಡೆ 97. ಮೂಡಣ ತನ್ನ ಸ್ವಿಚ್‌ನ ಕಡೆ 65, ಕೊಂಡಿಯ ಕಡೆ 98. ಗುಬ್ಬಿ 10, ಕಾಗೆ 11, ಗಿಳಿ 70. ಇನ್ನು ಮುಂದೆ ಕೊನೆಯ ಸಂಖ್ಯೆಯನ್ನಷ್ಟೇ ಹೇಳುತ್ತೇನೆ. ಮೊದಲ ಮೂರು ಎಲ್ಲೆಡೆಯೂ ಒಂದೇ.

ಕಾಗೆಗೆ ವಿಳಾಸ ಕೊಡುವಾಗ ಓರೆಗೆರೆಯನ್ನೂ 26ನ್ನೂ ಬರೆಯಲು ಮರೆತೆ. ಯಂತ್ರ ಅದನ್ನು /32 ಎಂದು ತೆಗೆದುಕೊಂಡಿತು, ಅಂದರೆ ಈ ಜಾಲದಲ್ಲಿ ನಾನೊಬ್ಬನೇ ಎಂದು. ನಂತರ ಗೇಟ್‌ವೇ, ಅಂದರೆ ಜಾಲದಾಚೆಗೆ ಹೋಗುವ ಪ್ಯಾಕೆಟ್ಟನ್ನು ಒಪ್ಪಿಸಬೇಕಾದ ರೂಟರ್, 1 ಎಂದು ಕೊಟ್ಟರೆ, ಆ ಗೇಟ್‌ವೇ ನನಗೆ ಎಟುಕುವುದಿಲ್ಲ ಎಂದು ನಿರಾಕರಿಸಿತು. ಗೇಟ್‌ವೇ ಯಾವಾಗಲೂ ನೆರೆಯಲ್ಲೇ ಇರಬೇಕು ಎಂಬ ನಿಯಮ ನನಗೆ ಮನದಟ್ಟಾದದ್ದು ಆ ನಿರಾಕರಣೆಯಿಂದ.

ನೆರೆಯವರ ಮಾತು

ಗುಬ್ಬಿಯಿಂದ ಕಾಗೆಗೆ ಪಿಂಗ್ ಮಾಡಿದೆ, ಅಂದರೆ ಇದ್ದೀಯಾ ಎಂದು ಕೇಳುವ ಪ್ಯಾಕೆಟ್ ಕಳಿಸಿದೆ, ಉತ್ತರ ಬಂತು. ಇದೇನೂ ದೊಡ್ಡ ವಿಷಯವಲ್ಲ, ಆದರೂ ಹಾದುಹೋಗುವ ಪ್ಯಾಕೆಟ್‌ಗಳನ್ನು ತೋರಿಸುವ ಟಿಸಿಪಿಡಂಪ್ ಹಚ್ಚಿ ನೋಡಿದ್ದು ಒಳ್ಳೆಯದಾಯಿತು. ಪಿಂಗ್ ಹೊರಡುವ ಮೊದಲು ಗುಬ್ಬಿ ಇಡೀ ಸ್ವಿಚ್‌ಗೆ ಕೇಳುವಂತೆ ಒಂದು ಪ್ರಶ್ನೆ ಕೂಗಿತು: 11 ಯಾರು? ಕಾಗೆ ತನ್ನ ಮ್ಯಾಕ್ ವಿಳಾಸವನ್ನು, ಅಂದರೆ ನೆಟ್‌ವರ್ಕ್ ಕಾರ್ಡ್‌ನ ಸ್ವಂತ ಗುರುತನ್ನು, ಹೇಳಿತು. ಇದೇ ಎಆರ್‌ಪಿ, 1982ರಿಂದ ಹೀಗೆಯೇ ನಡೆದುಬಂದಿದೆ. ತಂತಿಯ ಮೇಲೆ ಪ್ಯಾಕೆಟ್ ಸಾಗುವುದು ಮ್ಯಾಕ್ ವಿಳಾಸದಿಂದ. ಐಪಿ ವಿಳಾಸ ಒಳಗಿನ ಲಕೋಟೆಯ ಮೇಲಿರುತ್ತದೆ.

ಹಾಗಾದರೆ ಗುಬ್ಬಿ ಯಾರನ್ನು ಕೂಗುತ್ತದೆ, ಯಾರನ್ನು ಕೂಗುವುದಿಲ್ಲ? ಇದನ್ನು ತೀರ್ಮಾನಿಸುವುದು ಮಾಸ್ಕ್. ತನ್ನ ವಿಳಾಸಕ್ಕೂ ಎದುರಿನ ವಿಳಾಸಕ್ಕೂ ತನ್ನ ಮಾಸ್ಕನ್ನು ಹಚ್ಚಿ, ಎರಡೂ ಕಡೆ ಒಂದೇ ಜಾಲ ಬಂದರೆ ನೆರೆಯವನೆಂದು ನೇರವಾಗಿ ಕೂಗುತ್ತದೆ. ಬೇರೆ ಬಂದರೆ ಗೇಟ್‌ವೇಯ ಮ್ಯಾಕ್ ವಿಳಾಸ ಕೇಳಿ ಪ್ಯಾಕೆಟ್ಟನ್ನು ಅದರ ಕೈಗೆ ಕೊಡುತ್ತದೆ. ಎದುರಿನವನ ಮಾಸ್ಕ್ ಎಷ್ಟೆಂದು ಗುಬ್ಬಿಗೆ ಗೊತ್ತಿಲ್ಲ, ಗೊತ್ತಾಗಲು ದಾರಿಯೂ ಇಲ್ಲ. ಮಾಸ್ಕ್ ಪ್ಯಾಕೆಟ್‌ನೊಳಗೆ ಎಲ್ಲಿಯೂ ಇರುವುದಿಲ್ಲ. ಇದನ್ನು ಓದಿದ್ದೆನಾದರೂ, ಟಿಸಿಪಿಡಂಪ್‌ನಲ್ಲಿ ಪ್ಯಾಕೆಟ್‌ನ ಒಂದೊಂದು ಬೈಟನ್ನೂ ನೋಡಿ ಅದು ಇಲ್ಲವೆಂದು ಖಚಿತಪಡಿಸಿಕೊಂಡ ಮೇಲೆಯೇ ನಂಬಿಕೆ ಬಂದದ್ದು.

ರೂಟರ್ ಎಂದು ಕರೆದರೆ ರೂಟರ್ ಆಗುವುದಿಲ್ಲ

ಗುಬ್ಬಿಗೂ ಕಾಗೆಗೂ ಗೇಟ್‌ವೇ 1 ಎಂದು, ಗಿಳಿಗೆ 65 ಎಂದು ಬರೆದೆ. ಗುಬ್ಬಿಯಿಂದ 1ಕ್ಕೆ ಪಿಂಗ್, ಉತ್ತರ. 97ಕ್ಕೆ ಪಿಂಗ್, ಅದಕ್ಕೂ ಉತ್ತರ. 97 ಇರುವುದು ಪಡುವಣದ ಆಚೆ ಬದಿಯಲ್ಲಿ. ಈ ಬದಿಯಿಂದ ಆ ಬದಿಗೆ ಪ್ಯಾಕೆಟ್ ದಾಟಿತು, ಪಡುವಣ ರೂಟರ್ ಆಯಿತು ಎಂದುಕೊಂಡೆ. 98ಕ್ಕೆ ಪಿಂಗ್ ಮಾಡಿದರೆ ಮೌನ.

97 ಉತ್ತರಿಸಿದ್ದಕ್ಕೂ ದಾಟುವುದಕ್ಕೂ ಸಂಬಂಧವಿರಲಿಲ್ಲ. ಲಿನಕ್ಸ್‌ನಲ್ಲಿ ವಿಳಾಸ ಕಾರ್ಡ್‌ಗೆ ಅಂಟಿಕೊಂಡಿರುವುದಿಲ್ಲ, ಇಡೀ ಯಂತ್ರದ್ದಾಗಿರುತ್ತದೆ. ತನ್ನ ಯಾವುದೇ ವಿಳಾಸಕ್ಕೆ ಪ್ಯಾಕೆಟ್ ಯಾವ ಬಾಗಿಲಿನಿಂದ ಬಂದರೂ ಅದು ಒಳಗೇ ಉತ್ತರಿಸುತ್ತದೆ. ಬೇರೆಯವರ ಪ್ಯಾಕೆಟ್ಟನ್ನು ಮುಂದೆ ಕಳಿಸುವ ಕೆಲಸವೇ ಬೇರೆ, ಅದು ಮೊದಲಿಗೆ ಮುಚ್ಚಿಯೇ ಇರುತ್ತದೆ. ಲಿನಕ್ಸ್‌ನ ತಿರುಳಾದ ಕರ್ನಲ್‌ನಲ್ಲಿ ಐಪಿ ಫಾರ್ವರ್ಡ್ ಎಂಬ ಮೌಲ್ಯ 0 ಇತ್ತು. ಎರಡೂ ರೂಟರ್‌ಗಳಲ್ಲಿ 1 ಮಾಡಿದೆ. ಹಾಗೆಯೇ ಪಡುವಣದಲ್ಲಿ, 64/27ಕ್ಕೆ ಹೋಗಬೇಕಾದುದನ್ನು 98ರ ಕೈಗೆ ಕೊಡು ಎಂದು ದಾರಿ ಬರೆದೆ.

ಪಡುವಣದ ಮುಂದೆಯೇ ಕುಳಿತು ಗಿಳಿಗೆ ಪಿಂಗ್ ಮಾಡಿದೆ. ಉತ್ತರ ಬಂತು! ಎದ್ದು ಗುಬ್ಬಿಯ ಮುಂದೆ ಕುಳಿತು ಅದೇ ಪಿಂಗ್ ಮಾಡಿದೆ. ಮೌನ.

ಎರಡು ಸಂಜೆ ತಿಂದ ಮೌನ

ಈ ಭಾಗವನ್ನು ನಿಧಾನವಾಗಿ ಹೇಳುತ್ತೇನೆ, ಏಕೆಂದರೆ ನಾನು ಕಲಿತದ್ದರಲ್ಲಿ ಅರ್ಧ ಪಾಲು ಇಲ್ಲಿದೆ.

ರೂಟರ್‌ನಿಂದ ಹೋಗುತ್ತದೆ, ರೂಟರ್‌ನ ಹಿಂದಿನ ಯಂತ್ರದಿಂದ ಹೋಗುವುದಿಲ್ಲ. ಆದ್ದರಿಂದ ಗುಬ್ಬಿಯಲ್ಲೋ ಪಡುವಣದಲ್ಲೋ ದೋಷವಿದೆ ಎಂದು ತರ್ಕಿಸಿದೆ. ಪಡುವಣದ ಎರಡೂ ಬದಿಗೆ ಟಿಸಿಪಿಡಂಪ್ ಹಚ್ಚಿದೆ. ಗುಬ್ಬಿಯ ಪ್ಯಾಕೆಟ್ ಒಂದು ಬದಿಯಿಂದ ಬಂದು ಇನ್ನೊಂದರಿಂದ ಸರಿಯಾಗಿಯೇ ಹೊರಡುತ್ತಿತ್ತು. ಮೂಡಣಕ್ಕೆ ಹೋಗಿ ನೋಡಿದೆ. ಕೊಂಡಿಯ ಬದಿಯಲ್ಲಿ ಪ್ಯಾಕೆಟ್ ಬರುತ್ತಿದೆ. ಗಿಳಿಯ ಬದಿಯಲ್ಲಿ ಏನೂ ಹೊರಡುತ್ತಿಲ್ಲ. ಫಾರ್ವರ್ಡ್ ಮೌಲ್ಯ 1 ಇದೆ. ಫೈರ್‌ವಾಲ್ ಇಲ್ಲ. ಗಿಳಿಯ ಎಆರ್‌ಪಿ ನಮೂದು ಇದೆ. ಮೂಡಣ ಪ್ಯಾಕೆಟ್ಟನ್ನು ಕೈಯಲ್ಲಿ ಹಿಡಿದು, ಯಾರಿಗೂ ಹೇಳದೆ, ಕೆಳಗೆ ಬಿಡುತ್ತಿತ್ತು. ಮೊದಲ ಸಂಜೆ ಅಲ್ಲಿಗೆ ಮುಗಿಯಿತು.

ಮರುದಿನ ಕರ್ನಲ್‌ನಲ್ಲಿ ಅಸಹಜ ವಿಳಾಸಗಳನ್ನು ದಾಖಲಿಸುವ ಸೌಲಭ್ಯವನ್ನು ಚಾಲೂ ಮಾಡಿದೆ. ದಾಖಲೆಯಲ್ಲಿ ಸಾಲು ಸಾಲಾಗಿ ಒಂದೇ ಮಾತು: 10ರಿಂದ ಮಾರ್ಷಿಯನ್ ಸೋರ್ಸ್. ಈ ಗ್ರಹದ್ದೇ ಅಲ್ಲದ ವಿಳಾಸದಿಂದ ಬಂದದ್ದು ಎಂಬ ಅರ್ಥದಲ್ಲಿ ಜಾಲದವರು ಬಹಳ ಹಿಂದಿನಿಂದ ಬಳಸುವ ಪದ ಇದು. ರೂಟರ್‌ಗಳು ಹೇಗೆ ನಡೆದುಕೊಳ್ಳಬೇಕೆಂದು ಹೇಳುವ 1995ರ ಆರ್‌ಎಫ್‌ಸಿ 1812ರಲ್ಲಿಯೂ ಮಾರ್ಷಿಯನ್ ಎಂಬ ಮಾತಿದೆ. ಗುಬ್ಬಿ ಮೂಡಣದ ಪಾಲಿಗೆ ಅನ್ಯಗ್ರಹದ ಜೀವಿಯಾಗಿತ್ತು. ಏಕೆ? ಮೂಡಣದ ದಾರಿಗಳ ಟೇಬಲ್ ತೆರೆದು ಓದಿದೆ. ಎರಡೇ ಸಾಲು: 64/27 ನನ್ನ ಈ ಬದಿ, 96/30 ನನ್ನ ಆ ಬದಿ. ಗುಬ್ಬಿ ಇರುವ 0/26ರ ಸುದ್ದಿಯೇ ಅಲ್ಲಿರಲಿಲ್ಲ. ಹೋಗುವ ದಾರಿಯನ್ನು ಪಡುವಣದಲ್ಲಿ ಬರೆದಿದ್ದೆ. ಬರುವ ದಾರಿಯನ್ನು ಎಲ್ಲಿಯೂ ಬರೆದಿರಲಿಲ್ಲ.

ಪಡುವಣದಿಂದ ಮಾಡಿದ ಪಿಂಗ್ ಏಕೆ ಗೆದ್ದಿತು ಎಂಬುದೂ ಆಗ ಬಿಡಿಸಿಕೊಂಡಿತು. ರೂಟರ್ ತಾನೇ ಪ್ಯಾಕೆಟ್ ಹುಟ್ಟಿಸಿದಾಗ, ಅದು ಹೊರಡುವ ಬದಿಯ ವಿಳಾಸವನ್ನೇ ಕಳಿಸಿದವನ ವಿಳಾಸವಾಗಿ ಬರೆಯುತ್ತದೆ. ಅಂದರೆ 97. 97 ಇರುವ ಕೊಂಡಿ ಮೂಡಣಕ್ಕೆ ನೇರ ಪರಿಚಯ, ಉತ್ತರ ಸಲೀಸಾಗಿ ಮರಳುತ್ತದೆ. ಪಡುವಣದಲ್ಲಿ ಕಳಿಸುವವನ ವಿಳಾಸ 1 ಇರಲಿ ಎಂದು ಪಿಂಗ್‌ಗೆ ಒತ್ತಾಯ ಮಾಡಿದಾಗ ಅಲ್ಲಿಂದಲೂ ಮೌನವೇ ಬಂತು. ದೋಷ ಗುಬ್ಬಿಯ ಕಡೆ ಇದೆ ಎಂಬ ನನ್ನ ತರ್ಕಕ್ಕೆ ಬುಡವೇ ಇರಲಿಲ್ಲ.

ಕೂಡಲೇ ದಾರಿ ಬರೆದು ಮುಗಿಸಬಹುದಿತ್ತು. ಆದರೆ ಒಂದು ಸಂಶಯ ಉಳಿದಿತ್ತು. ಉತ್ತರ ಮರಳಲಾರದು ಎಂಬುದು ಸರಿ, ಪ್ರಶ್ನೆಯಾದರೂ ಗಿಳಿಯನ್ನು ಮುಟ್ಟಬೇಕಿತ್ತಲ್ಲ? ಗಿಳಿ ಪಕ್ಕದಲ್ಲೇ ಇದೆ, ಅದರ ದಾರಿ ಮೂಡಣಕ್ಕೆ ಗೊತ್ತಿದೆ. ಇಲ್ಲಿ ಇನ್ನೊಂದು ಕಾವಲಿತ್ತು. ರಿವರ್ಸ್ ಪಾತ್ ಫಿಲ್ಟರ್ ಎಂಬ ತಪಾಸಣೆ, ಪ್ಯಾಕೆಟ್ ಎಲ್ಲಿಗೆ ಹೋಗಬೇಕು ಎಂಬುದರ ಜೊತೆಗೆ ಎಲ್ಲಿಂದ ಬಂತು ಎಂಬುದನ್ನೂ ಟೇಬಲ್‌ನಲ್ಲಿ ಹುಡುಕುತ್ತದೆ. ಸುಳ್ಳು ವಿಳಾಸ ಬರೆದು ಕಳಿಸುವವರನ್ನು ತಡೆಯಲು ಇದನ್ನು ಮಾಡಿದ್ದಾರೆ. ಮೌಲ್ಯ 0 ಎಂದರೆ ತಪಾಸಣೆ ಇಲ್ಲ. 1 ಎಂದರೆ ಬಿಗಿ: ಬಂದ ಬಾಗಿಲಿನಿಂದಲೇ ಮರಳುವ ದಾರಿ ಇರಬೇಕು. 2 ಎಂದರೆ ಸಡಿಲ: ಯಾವುದಾದರೂ ಬಾಗಿಲಿನಿಂದ ದಾರಿಯಿದ್ದರೆ ಸಾಕು. ಮೂಡಣದಲ್ಲಿ 2 ಇತ್ತು. ಗುಬ್ಬಿಗೆ ಯಾವ ಬಾಗಿಲಿನಿಂದಲೂ ದಾರಿ ಇಲ್ಲವಾದ್ದರಿಂದ ಸಡಿಲ ತಪಾಸಣೆಯೂ ಅದನ್ನು ತಡೆಯಿತು.

ಕೊಂಡಿಯ ಕಾರ್ಡ್‌ಗೆ 0 ಬರೆದೆ. ಏನೂ ಬದಲಾಗಲಿಲ್ಲ. ಕಾರ್ಡ್‌ನದೊಂದು ಮೌಲ್ಯ, ಎಲ್ಲಕ್ಕೂ ಸೇರಿದ್ದೊಂದು ಮೌಲ್ಯ ಇರುತ್ತದೆ, ಎರಡರಲ್ಲಿ ದೊಡ್ಡದೇ ನಡೆಯುತ್ತದೆ ಎಂಬುದು ಗೊತ್ತಿಲ್ಲದೆ ಇನ್ನರ್ಧ ಗಂಟೆ ಹೋಯಿತು. ಎರಡನ್ನೂ 0 ಮಾಡಿದ ಮೇಲೆ ಪ್ಯಾಕೆಟ್ ಗಿಳಿಯನ್ನು ಮುಟ್ಟಿತು. ಗಿಳಿಯ ಟಿಸಿಪಿಡಂಪ್‌ನಲ್ಲಿ ಮೂರು ಸಾಲುಗಳು ಒಂದರ ಹಿಂದೆ ಒಂದು ಬಂದವು. 10ರಿಂದ 70ಕ್ಕೆ ಪ್ರಶ್ನೆ. 70ರಿಂದ 10ಕ್ಕೆ ಉತ್ತರ. 65ರಿಂದ 70ಕ್ಕೆ ದೂರು: ನೀನು ಹೇಳಿದ ಜಾಲಕ್ಕೆ ನನ್ನಲ್ಲಿ ದಾರಿಯಿಲ್ಲ. ಆ ದೂರು ಗಿಳಿಗೆ ಹೋಯಿತು, ಏಕೆಂದರೆ ಕಳೆದುಹೋದ ಪ್ಯಾಕೆಟ್ ಗಿಳಿಯದು. ಪ್ರಶ್ನೆ ಕೇಳಿ ಕಾಯುತ್ತಿದ್ದ ಗುಬ್ಬಿಗೆ ಯಾರೂ ಏನನ್ನೂ ಹೇಳಲಿಲ್ಲ. ಆ ಮೂರು ಸಾಲುಗಳನ್ನು ನಾನು ಬಹಳ ಹೊತ್ತು ನೋಡುತ್ತಾ ಕುಳಿತೆ. ಪ್ರಶ್ನೆ ಮತ್ತು ಉತ್ತರ ಎರಡು ಬೇರೆ ಬೇರೆ ಪಯಣಗಳು, ಒಂದು ಗೆದ್ದರೆ ಇನ್ನೊಂದು ಗೆಲ್ಲಬೇಕೆಂದೇನೂ ಇಲ್ಲ. ಬಂದ ದಾರಿಯನ್ನು ಪ್ಯಾಕೆಟ್ ನೆನಪಿಟ್ಟುಕೊಳ್ಳುವುದಿಲ್ಲ, ರೂಟರ್ ಕೂಡ ನೆನಪಿಟ್ಟುಕೊಳ್ಳುವುದಿಲ್ಲ.

ಮೂಡಣದಲ್ಲಿ, 0/26ಕ್ಕೆ ಹೋಗಬೇಕಾದುದನ್ನು 97ರ ಕೈಗೆ ಕೊಡು ಎಂದು ಬರೆದು, ತಪಾಸಣೆಯನ್ನು ಮತ್ತೆ 2ಕ್ಕೆ ತಂದೆ. ಗುಬ್ಬಿಗೆ ಉತ್ತರ ಬಂತು, ಟಿಟಿಎಲ್, ಅಂದರೆ ಪ್ಯಾಕೆಟ್‌ನ ಉಳಿದ ಆಯುಸ್ಸು, 62 ಎಂದು ಹೊತ್ತುಕೊಂಡು. ಗಿಳಿ 64 ಎಂದು ಬರೆದು ಕಳಿಸಿತ್ತು. ದಾರಿಯ ಎರಡು ರೂಟರ್‌ಗಳು ಒಂದೊಂದನ್ನು ಕಳೆದಿದ್ದವು. ಹಾಗೆಯೇ ಮ್ಯಾಕ್ ವಿಳಾಸಗಳನ್ನೂ ತೋರಿಸುವಂತೆ ಟಿಸಿಪಿಡಂಪ್ ಹಚ್ಚಿ ಮೂರೂ ತಂತಿಗಳಲ್ಲಿ ಒಂದೇ ಪ್ಯಾಕೆಟ್ಟನ್ನು ಹಿಡಿದೆ. ಐಪಿ ವಿಳಾಸಗಳು ಮೊದಲಿಂದ ಕೊನೆಯವರೆಗೂ 10 ಮತ್ತು 70. ಮ್ಯಾಕ್ ವಿಳಾಸಗಳು ಪ್ರತಿ ತಂತಿಯಲ್ಲೂ ಬೇರೆ ಬೇರೆ. ಗಿಳಿಯ ಮ್ಯಾಕ್ ಏನೆಂದು ಗುಬ್ಬಿಗೆ ಕೊನೆಯವರೆಗೂ ತಿಳಿಯಲೇ ಇಲ್ಲ.

ಒಂದು ಅಂಕಿಯ ತಪ್ಪು

ಆ ರಾತ್ರಿ ಎಲ್ಲ ಯಂತ್ರಗಳನ್ನೂ ಆರಿಸಿದೆ. ಬೆಳಿಗ್ಗೆ ಹಚ್ಚಿದರೆ ವಿಳಾಸಗಳೂ ಇಲ್ಲ, ದಾರಿಗಳೂ ಇಲ್ಲ. ಆಜ್ಞೆಯಿಂದ ಕೊಟ್ಟದ್ದೆಲ್ಲ ಕರ್ನಲ್‌ನ ನೆನಪಿನಲ್ಲಷ್ಟೇ ಇರುತ್ತದೆ. ಎಲ್ಲವನ್ನೂ ಮತ್ತೆ ಬರೆದೆ. ಬರೆಯುವಾಗ ಗಿಳಿಗೆ 70/27ರ ಬದಲು 70/25 ಎಂದು ಬಿತ್ತು, ನನಗೆ ಗೊತ್ತಾಗಲಿಲ್ಲ.

ಗುಬ್ಬಿಯಿಂದ ಗಿಳಿಗೆ ಮೌನ. ಗಿಳಿಯಿಂದ 65ಕ್ಕೆ ಉತ್ತರ ಬರುತ್ತದೆ, 98ಕ್ಕೂ ಬರುತ್ತದೆ, 97ಕ್ಕೆ ಬರುವುದಿಲ್ಲ. ಈ ಮೂರನ್ನು ಜೋಡಿಸಿದರೆ ಯಾರಾದರೂ ಕೊಂಡಿಯ ಕೇಬಲ್ ಮೇಲೆ ಬೆರಳು ತೋರಿಸುತ್ತಾರೆ, ನಾನೂ ತೋರಿಸಿದೆ. ಆದರೆ ದೀಪ ಹತ್ತಿಯೇ ಇತ್ತು. ಮೂಡಣದಿಂದ 97ಕ್ಕೆ ಪಿಂಗ್ ಚೆನ್ನಾಗಿತ್ತು.

ಈ ಸಲ ಬೇಗ ಹಿಡಿಯಲು ಕಾರಣ, ಮೌನದ ಬಗೆಯನ್ನು ಗಮನಿಸಿದ್ದು. ಗಿಳಿಯ ಪರದೆಯ ಮೇಲೆ, ಯಂತ್ರ ಎಟುಕುತ್ತಿಲ್ಲ ಎಂಬ ಮಾತು ಬರುತ್ತಿತ್ತು, ಅದನ್ನು ಹೇಳುತ್ತಿದ್ದವರು 70, ಅಂದರೆ ಗಿಳಿ ತಾನೇ. ದೂರದ ರೂಟರ್ ದೂರಿದ್ದರೆ ರೂಟರ್‌ನ ವಿಳಾಸ ಇರುತ್ತಿತ್ತು. ತಾನೇ ದೂರುತ್ತಿದೆ ಎಂದರೆ ಪ್ಯಾಕೆಟ್ ಮನೆಯನ್ನೇ ಬಿಟ್ಟಿಲ್ಲ. ನೆರೆಯವರ ಪಟ್ಟಿ ತೆಗೆದು ನೋಡಿದೆ. ಅದರಲ್ಲಿ 10 ಇತ್ತು, 97 ಇತ್ತು, ಎರಡರ ಮುಂದೆಯೂ ವಿಫಲ ಎಂಬ ಗುರುತು. ಎರಡು ತಂತಿಗಳಾಚೆ ಇರುವ ಗುಬ್ಬಿಯನ್ನು ಗಿಳಿ ತನ್ನ ಅಂಗಳದಲ್ಲಿ ನಿಂತು ಕೂಗುತ್ತಿತ್ತು.

ಲೆಕ್ಕವನ್ನು ಕಾಗದದ ಮೇಲೆ ಬಿಡಿಸಿದೆ. 70 ಎಂದರೆ 64, 4, 2 ಸೇರಿ, ದ್ವಿಮಾನದಲ್ಲಿ 01000110. 10 ಎಂದರೆ 8 ಮತ್ತು 2, 00001010. ಮಾಸ್ಕ್ 27 ಆದರೆ ಕೊನೆಯ ಎಂಟು ಬಿಟ್‌ಗಳಲ್ಲಿ ಮೊದಲ ಮೂರನ್ನು ಹೋಲಿಸಬೇಕು: 010 ಮತ್ತು 000, ಬೇರೆ ಬೇರೆ, ಆದ್ದರಿಂದ ಗೇಟ್‌ವೇ. ಮಾಸ್ಕ್ 25 ಆದರೆ ಮೊದಲ ಒಂದೇ ಬಿಟ್: 0 ಮತ್ತು 0, ಆದ್ದರಿಂದ ನೆರೆಯವನು. 255.255.255.224 ಎಂಬ ಸಂಖ್ಯೆ ನನಗೆ ಅಂದು ಬಿಡಿಸಿಕೊಂಡಿತು: 224 ಎಂದರೆ 11100000, ಮೂರು ಬಿಟ್ ನೋಡು, ಐದು ಬಿಟ್ ಬಿಡು ಎಂಬ ಸೂಚನೆ, ಅಷ್ಟೇ.

98 ಏಕೆ ಉತ್ತರಿಸಿತು? ಗಿಳಿ ಅದನ್ನೂ ತನ್ನ ಅಂಗಳದಲ್ಲೇ ಕೂಗಿತು. ಕೂಗು ಮೂಡಣದ ಕಿವಿಗೆ ಬಿತ್ತು, 98 ಆಚೆ ಬದಿಯದಾದರೂ ತನ್ನದೇ ವಿಳಾಸವಾದ್ದರಿಂದ ಲಿನಕ್ಸ್ ಓಗೊಟ್ಟಿತು. ರೂಟರ್ ಆಗಲು ಹೊರಟಾಗ 97 ಕೊಟ್ಟ ಸುಳ್ಳು ಭರವಸೆಯ ಇನ್ನೊಂದು ಮುಖ ಇದು. ಅಂದಿನಿಂದ ನಾನು ರೂಟರ್‌ನ ಆಚೆ ಬದಿಯ ಪಿಂಗ್‌ಗೆ ಬೆಲೆ ಕೊಡುವುದನ್ನು ಬಿಟ್ಟಿದ್ದೇನೆ. ಅದರಾಚೆಯ ಯಂತ್ರ ಉತ್ತರಿಸಿದರಷ್ಟೇ ದಾರಿ ಇದೆ ಎನ್ನುತ್ತೇನೆ.

ಗಿಳಿಯ ಮಾಸ್ಕ್ ತಿದ್ದಿ, ಐದೂ ಯಂತ್ರಗಳ ವಿಳಾಸ ಮತ್ತು ದಾರಿಗಳನ್ನು ಸಂರಚನಾ ಕಡತಗಳಿಗೆ ಬರೆದು, ಒಂದೊಂದನ್ನೂ ಆರಿಸಿ ಹಚ್ಚಿ ಪರೀಕ್ಷಿಸಿದೆ.

ಒಂದೇ ಪ್ಯಾಕೆಟ್, 63 ಸಲ

ಇನ್ನು ಮುಂದಿನ ತಪ್ಪನ್ನು ಬೇಕೆಂದೇ ಮಾಡಿದೆ. ಪ್ರತಿ ರೂಟರ್‌ನಲ್ಲೂ ಒಂದೊಂದು ಜಾಲದ ಹೆಸರು ಬರೆಯುವ ಬದಲು, ನನಗೆ ಗೊತ್ತಿಲ್ಲದ್ದೆಲ್ಲ ಆ ಕಡೆಯವನಿಗೆ ಗೊತ್ತು ಎಂದು ಎರಡೂ ಕಡೆ ಬರೆದರೆ ಏನಾಗುತ್ತದೆ ಎಂಬ ಕುತೂಹಲ. ಪಡುವಣದ ಡೀಫಾಲ್ಟ್ ದಾರಿ 98, ಮೂಡಣದ ಡೀಫಾಲ್ಟ್ ದಾರಿ 97. ಬೇರೆ ದಾರಿಗಳನ್ನೆಲ್ಲ ಅಳಿಸಿದೆ. ಗುಬ್ಬಿ, ಕಾಗೆ, ಗಿಳಿ ಎಲ್ಲವೂ ಒಂದಕ್ಕೊಂದು ಮಾತನಾಡಿದವು. ಬರೆಯುವ ಕೆಲಸವೂ ಕಡಿಮೆ.

ನಂತರ ಗುಬ್ಬಿಯಿಂದ 200ಕ್ಕೆ ಒಂದೇ ಒಂದು ಪಿಂಗ್ ಕಳಿಸಿದೆ. 200 ಎಂಬ ಯಂತ್ರ ಎಲ್ಲಿಯೂ ಇಲ್ಲ. ಪಡುವಣ ಅದನ್ನು ಮೂಡಣಕ್ಕೆ ಕೊಟ್ಟಿತು, ಮೂಡಣ ಪಡುವಣಕ್ಕೆ ಮರಳಿಸಿತು, ಪಡುವಣ ಮತ್ತೆ ಮೂಡಣಕ್ಕೆ. ಕೊಂಡಿಯ ಮೇಲೆ ಟಿಸಿಪಿಡಂಪ್ ಹಚ್ಚಿದ್ದೆ. ಟಿಟಿಎಲ್ 63ರಿಂದ ಶುರುವಾಗಿ 62, 61 ಎಂದು ಇಳಿಯುತ್ತಾ 1ರವರೆಗೆ, ಅದೇ ಪ್ಯಾಕೆಟ್ 63 ಸಲ ಆ ಕೇಬಲ್ ದಾಟಿತು. 64ನೆಯ ಕೈಯಾದ ಮೂಡಣ, ಇದರ ಆಯುಸ್ಸು ಮುಗಿಯಿತು ಎಂದು ಗುಬ್ಬಿಗೆ ತಿಳಿಸಿ ಅದನ್ನು ಬಿಟ್ಟಿತು. ದಾರಿಯ ರೂಟರ್‌ಗಳನ್ನು ಒಂದೊಂದಾಗಿ ತೋರಿಸುವ ಟ್ರೇಸ್‌ರೂಟ್ ಮಾಡಿದರೆ 1, 98, 1, 98 ಎಂದು ಮಗ್ಗದ ಲಾಳಿಯಂತೆ ಅದೇ ಎರಡು ವಿಳಾಸಗಳು. ಟಿಟಿಎಲ್ ಇಲ್ಲದಿದ್ದರೆ ಆ ಒಂದು ಪ್ಯಾಕೆಟ್ ಯಂತ್ರ ಆರಿಸುವವರೆಗೂ ತಿರುಗುತ್ತಿತ್ತು. ರಿವರ್ಸ್ ಪಾತ್ ತಪಾಸಣೆಯನ್ನು ಬಿಗಿ ಮಾಡಿ ಮತ್ತೆ ಕಳಿಸಿದಾಗ ಸುತ್ತು ಒಂದೇ ಸಲಕ್ಕೆ ತುಂಡಾಯಿತು: ಗುಬ್ಬಿಯ ಪ್ಯಾಕೆಟ್ ಕೊಂಡಿಯ ಕಡೆಯಿಂದ ಬರುವುದನ್ನು ಪಡುವಣ ಒಪ್ಪಲಿಲ್ಲ. ಅದು ಸುತ್ತಿಗೆ ಮದ್ದಲ್ಲ, ಆದರೆ ಎರಡು ನಿಯಮಗಳು ಒಂದನ್ನೊಂದು ಮುಟ್ಟುವುದನ್ನು ಕಣ್ಣಾರೆ ಕಂಡದ್ದು ಸಂತೋಷ ಕೊಟ್ಟಿತು. ನೋಡಿಯಾದ ಮೇಲೆ ಮತ್ತೆ ಸಡಿಲಕ್ಕೆ ತಂದೆ.

ಮದ್ದು ಬೇರೆ. ಎರಡೂ ರೂಟರ್‌ಗಳಲ್ಲಿ, 192.168.40.0/24ಕ್ಕೆ ದಾರಿಯಿಲ್ಲ ಎಂಬ ನಮೂದನ್ನು ಸೇರಿಸಿದೆ. ಈ 256 ವಿಳಾಸಗಳಿಗೆ ನಾವಿಬ್ಬರೇ ಯಜಮಾನರು, ನಮ್ಮಲ್ಲಿ ಇಲ್ಲದ್ದು ಬೇರೆಲ್ಲಿಯೂ ಇರಲಾರದು ಎಂದು ಹೇಳಿದಂತೆ. 200ಕ್ಕೆ ಪಿಂಗ್ ಕಳಿಸಿದರೆ 1 ತಕ್ಷಣವೇ ಎಟುಕುವುದಿಲ್ಲ ಎಂದು ಉತ್ತರಿಸಿತು. ಆದರೆ ಗಿಳಿಯೂ ಎಟುಕದಾಯಿತು! ಪಡುವಣ 70ಕ್ಕೆ ದಾರಿ ಹುಡುಕುವಾಗ ಎರಡು ನಮೂದುಗಳು ಹೊಂದಿಕೊಂಡವು, /24ರ ನಿರಾಕರಣೆ ಮತ್ತು /0ರ ಡೀಫಾಲ್ಟ್. ಹೆಚ್ಚು ಬಿಟ್‌ಗಳು ಹೊಂದುವುದೇ ಗೆಲ್ಲುತ್ತದೆ, 24 ಗೆದ್ದಿತು. ಬರೆದ ಕ್ರಮಕ್ಕೆ ಇಲ್ಲಿ ಬೆಲೆಯಿಲ್ಲ. ಅಳಿಸಿದ್ದ 64/27ರ ಸಾಲನ್ನು ಪಡುವಣಕ್ಕೆ, 0/26ರ ಸಾಲನ್ನು ಮೂಡಣಕ್ಕೆ ಮರಳಿ ಬರೆದೆ. 27 ಮತ್ತು 26 ಎರಡೂ 24ಕ್ಕಿಂತ ಉದ್ದ, ಗಿಳಿ ಮರಳಿ ಬಂತು, 200 ನಿರಾಕರಣೆಯಲ್ಲೇ ಉಳಿಯಿತು. ಯಾವ ವಿಳಾಸಕ್ಕೆ ಯಾವ ಸಾಲು ಗೆಲ್ಲುತ್ತದೆ ಎಂದು ಯಂತ್ರವನ್ನೇ ಕೇಳುವ ಐಪಿ ರೂಟ್ ಗೆಟ್ ಎಂಬ ಆಜ್ಞೆ ಇದೆ. ಅದನ್ನು 10, 70, 98, 200 ಎಲ್ಲಕ್ಕೂ ಓಡಿಸಿ, ಉತ್ತರವನ್ನು ಮೊದಲು ನಾನೇ ಕಾಗದದ ಮೇಲೆ ಊಹಿಸಿ, ನಂತರ ತಾಳೆ ನೋಡುತ್ತಾ ಹೋದೆ. ಕಲಿಯುವವರಿಗೆ ಇದಕ್ಕಿಂತ ಒಳ್ಳೆಯ ಅಭ್ಯಾಸ ನನಗೆ ಕಂಡಿಲ್ಲ.

ಕೊನೆಗೆ ಕೊಂಡಿಯ ನಾಲ್ಕು ವಿಳಾಸಗಳಲ್ಲಿ ಎರಡು ಪೋಲಾಗುತ್ತಿವೆ ಎಂಬ ಕೊರಗು ಉಳಿದಿತ್ತು. ಇಬ್ಬರೇ ಇರುವ ತಂತಿಗೆ ಬ್ರಾಡ್‌ಕಾಸ್ಟ್ ಬೇಕಿಲ್ಲ. 2000ದ ಆರ್‌ಎಫ್‌ಸಿ 3021 ಅಂಥ ಕಡೆ /31 ಬಳಸಲು ಒಪ್ಪುತ್ತದೆ. ಪಡುವಣಕ್ಕೆ 96/31, ಮೂಡಣಕ್ಕೆ 97/31 ಎಂದು ಬದಲಿಸಿ, ದಾರಿಗಳ ಮುಂದಿನ ಕೈಯನ್ನೂ ತಿದ್ದಿದೆ. ಆದರೆ ಒಂದು ಕಡೆ ಮರೆತೆ, ಮೂಡಣದಲ್ಲಿ 0/26ರ ದಾರಿ ಇನ್ನೂ 97ನ್ನೇ ತೋರಿಸುತ್ತಿತ್ತು, ಅದೀಗ ಮೂಡಣದ್ದೇ ವಿಳಾಸ. ಗುಬ್ಬಿಯಿಂದ ಗಿಳಿಗೆ ಮೌನ. ಈ ಸಲ ಗುಬ್ಬಿಯನ್ನೂ ಪಡುವಣವನ್ನೂ ಮುಟ್ಟದೆ ನೇರವಾಗಿ ಮೂಡಣದ ಮುಂದೆ ಕುಳಿತು, ಗುಬ್ಬಿಗೆ ಮರಳುವ ಸಾಲನ್ನು ಓದಿದೆ. 97ನ್ನು 96 ಮಾಡಿದೆ. ಟಿಟಿಎಲ್ 62 ಎಂದು ಉತ್ತರಗಳು ಮತ್ತೆ ಬರತೊಡಗಿದವು.